ಗಿರಣಿ ಮೇಳದ ಒಪ್ಪಿಗೆ

ನಮ್ಮೂರಲ್ಲಿ ಬದನೆಕಾಯಿ ಕೊಳ್ಳಬೇಕಾದರೆ ನಾಲ್ಕು ಜನ ಹೆಂಗಸರು ಬೇಕು. ಒಬ್ಬಳು ಬಾಯಿ ತೆಗೆದರೆ ತುಟಿ ಆಡುತ್ತದೆ, ದನಿ ಬರುವುದಿಲ್ಲ. ಇಬ್ಬರಿಗೂ ಬರುವುದಿಲ್ಲ, ಮೂವರಿಗೂ ಇಲ್ಲ. ನಾಲ್ವರು ಒಂದೇ ಮಾತನ್ನು ಒಂದೇ ರಾಗದಲ್ಲಿ ಎತ್ತಿದರೆ ಮಾತ್ರ ಕೇಳಿಸುತ್ತದೆ. ಬರೇ ಮಾತಾಡಲು ಹೋದರೆ ನಾಲ್ವರ ಬಾಯಿ ಕೂಡುವುದಿಲ್ಲ, ಒಬ್ಬಳು ಮುಂದೆ ಓಡುತ್ತಾಳೆ, ಒಬ್ಬಳು ಹಿಂದೆ ಉಳಿಯುತ್ತಾಳೆ, ಅದಕ್ಕೇ ಹಾಡು. ಹುಡುಗಿಯರಿಗೆ ಹನ್ನೆರಡು ತುಂಬುವ ತನಕ ಈ ತಾಪತ್ರಯವಿಲ್ಲ. ಆಮೇಲೆ ಒಂದು ದಿನ ದನಿ ಒಳಗೆ ಹೋಗುತ್ತದೆ, ತಾಯಿ ಓಣಿಗೆಲ್ಲ ಸಿಹಿ ಹಂಚಿ ಮಗಳನ್ನು ನಾಲ್ವರ ಒಂದು ಮೇಳಕ್ಕೆ ಸೇರಿಸುತ್ತಾಳೆ. ಗಂಡಸರಿಗೆ ದೇವರು ಕೊಟ್ಟ ದನಿ ಕೊಟ್ಟ ಹಾಗೇ ಇರುತ್ತದೆ. ಅದನ್ನಿಟ್ಟುಕೊಂಡು ಅವರು ಏನು ಮಾಡುತ್ತಾರೆ ಅಂತ ಕೇಳಬೇಡಿ, ಕಟ್ಟೆಯ ಮೇಲೆ ಕೂತು ಖರ್ಚು ಮಾಡುತ್ತಾರೆ.

ಒಂದೊಂದು ಕೆಲಸಕ್ಕೆ ಒಂದೊಂದು ರಾಗ. ಚೌಕಾಸಿಗೆ ಬದನೆಕಾಯಿ ರಾಗ, ಮಕ್ಕಳನ್ನು ಊಟಕ್ಕೆ ಕರೆಯಲು ಒಂದು, ಗಂಡನನ್ನು ಬೈಯಲು ಒಂದು. ಬೈಗುಳದ ರಾಗ ಬಹಳ ಹಳೆಯದು, ಮೊದಲನೇ ಎಳೆ ಕಿವಿಗೆ ಬಿದ್ದ ಕೂಡಲೇ ನಮ್ಮೂರ ಗಂಡಸರು ಹಿತ್ತಲ ಬಾಗಿಲಿನಿಂದ ಮಾಯವಾಗುತ್ತಾರೆ. ಬೈಯುವುದೇನು ಸುಲಭವಲ್ಲ. ಮೊದಲು ಮೂವರನ್ನು ಒಟ್ಟು ಮಾಡಬೇಕು, ಕಾರಣ ಹೇಳಬೇಕು, ಅವರಿಗೆ ಅದು ಸರಿ ಅನ್ನಿಸಬೇಕು, ಸಾಲು ಕಲಿಸಬೇಕು. ಅರ್ಧ ಜಗಳಗಳು ತಾಲೀಮಿನಲ್ಲೇ ಮುಗಿದುಹೋಗುತ್ತವೆ. ಮೂವರಿಗೆ ಬಾಯಿಪಾಠವಾಗದ ಮಾತು ಯಾವ ಹೆಂಗಸಿನ ಹತ್ತಿರವೂ ಇಲ್ಲ, ಹಾಗಾಗಿ ಗುಟ್ಟು ಎಂಬುದು ನಮಗೆ ಗೊತ್ತಿಲ್ಲದ ವಸ್ತು.

ನಾವು ನಾವು ಹೆಂಗಸರು ತುಟಿ ನೋಡಿಯೇ ಮಾತಾಡಿಕೊಳ್ಳುತ್ತೇವೆ. ಗಂಡಸರೂ ಅದನ್ನು ಕಲಿಯಬಹುದಿತ್ತು, ಯಾರೂ ಬೇಡ ಅಂದಿರಲಿಲ್ಲ. ನನ್ನ ಗಂಡ ಒಳ್ಳೆಯವನೇ, ಹದಿನಾರು ವರ್ಷ ನನ್ನ ಜೊತೆ ಸಂಸಾರ ಮಾಡಿದ. ಆದರೆ ನನ್ನ ತುಟಿ ಆಡಿದಾಗೆಲ್ಲ ಅವನು ತಲೆಯಾಡಿಸಿ, ನೀರು ತಂದು ಕೊಡುತ್ತಿದ್ದ. ಹದಿನಾರು ವರ್ಷದಲ್ಲಿ ನಾನು ಕುಡಿದ ನೀರು ಒಂದು ಕೆರೆ ಆದೀತು. ಅವನು ತೀರಿಕೊಂಡ ಮೇಲೆ ಹಿಟ್ಟಿನ ಗಿರಣಿ ನನ್ನ ಪಾಲಿಗೆ ಬಂತು. ಗಿರಣಿ ನನಗೆ ಇಷ್ಟ. ಕಲ್ಲು ತಿರುಗುವಾಗ ಗಂಡಸರ ಮಾತೂ ಕೇಳುವುದಿಲ್ಲ, ಗೌಡರೂ ಬಾಯಿ ಬಡಿದು ಬಡಿದು ಕಡೆಗೆ ಕೈಸನ್ನೆಗೆ ಇಳಿಯುತ್ತಾರೆ.

ಮದುವೆಯಾದ ಮೇಲೆ ನಾನು ಸೇರಿದ್ದು ಗಿರಣಿ ಮೇಳ. ಮೇಳದ ಹಿರಿಯಳು ನನ್ನ ಗಂಡನ ಅಕ್ಕ ಶಂಕ್ರವ್ವ, ನಾನು ಶಂಕ್ರಕ್ಕ ಅನ್ನುತ್ತೇನೆ. ಹಾಡು ಎತ್ತುವುದು ಆಕೆ. ನಮ್ಮ ಮೇಳದ ದನಿ ಊರಿಗೇ ಹೆಸರುವಾಸಿ, ಅದರಲ್ಲಿ ಚೆಂದವಿರುವುದೆಲ್ಲ ತನ್ನದೇ ಎಂದು ಆಕೆಯ ನಂಬಿಕೆ. ಇರಬಹುದು. ಒಬ್ಬೊಬ್ಬರದನ್ನು ಬಿಡಿಸಿ ಕೇಳಿದವರು ಯಾರಿದ್ದಾರೆ? ಶಂಕ್ರಕ್ಕನೂ ತನ್ನ ದನಿಯನ್ನು ಹನ್ನೆರಡರ ಮೇಲೆ ಒಬ್ಬಳದಾಗಿ ಕೇಳಿದವಳಲ್ಲ. ಉಳಿದವರು ಹಾಲವ್ವ ಮತ್ತು ಮಾಬೂಬಿ. ಹಾಲವ್ವ ರೊಟ್ಟಿ ಬಡಿದು ಮಾರುವವಳು, ಎಲ್ಲದಕ್ಕೂ ಅರೆ ಗಳಿಗೆ ತಡ. ಬಳೆ ಮಾರುವ ಮಾಬೂಬಿಗೆ ಗಂಭೀರ ಜಾಗದಲ್ಲೇ ನಗು ಬರುತ್ತದೆ. ಆಕೆ ನಕ್ಕರೆ ಮೂವರಾಗುತ್ತೇವೆ, ದನಿ ಕಟ್ ಆಗುತ್ತದೆ. ಸಾವಿನ ಮನೆಗೆ ಹೋದಾಗಲೆಲ್ಲ ಶಂಕ್ರಕ್ಕ ಅವಳ ಪಕ್ಕದಲ್ಲೇ ನಿಂತು ರಟ್ಟೆ ಹಿಡಿದುಕೊಂಡಿರುತ್ತಾಳೆ.

ಇನ್ನು ಒಪ್ಪಿಗೆ ಹಾಡಿನ ಸಂಗತಿ. ಮದುವೆಗೆ ಮುಂಚೆ ಹೆಣ್ಣು ಪಂಚಾಯಿತಿ ಅಂಗಳದಲ್ಲಿ ನಿಂತು ತನ್ನ ಮೇಳದೊಂದಿಗೆ ಹಾಡಿ ಒಪ್ಪಿಗೆ ಕೊಡಬೇಕು. ಸ್ಲೇಟಿನ ಮೇಲೆ ಬರೆದು ತೋರಿಸಿದರೆ ನಡೆಯುವುದಿಲ್ಲ, ಹಿರಿಯರ ಕಿವಿಗೆ ಬೀಳಬೇಕು. ಒಲ್ಲೆ ಅನ್ನುವುದಕ್ಕೂ ಒಂದು ಹಾಡಿದೆ, ಹಾಡಿದ್ದು ಯಾರಿಗೂ ನೆನಪಿಲ್ಲ. ಒಲ್ಲದವಳಿಗೆ ತನ್ನಂತೆ ಒಲ್ಲದ ಇನ್ನೂ ಮೂವರು ಸಿಗಬೇಕಲ್ಲ. ಹತ್ತೊಂಬತ್ತರಲ್ಲಿ ನನಗೆ ಒಲ್ಲೆ ಅನ್ನಬೇಕಿತ್ತು. ಮೂವರು ಸಿಗಲಿಲ್ಲ. ಸೋದರತ್ತೆ ಬೆನ್ನು ಚಿವುಟಿದಳು, ನಾನು ಬಾಯಿ ತೆಗೆದೆ, ಒಪ್ಪಿಗೆ ಬಹಳ ಇಂಪಾಗಿ ಬಂತು ಅಂತ ಎಲ್ಲರೂ ಹೊಗಳಿದರು.

ಹೋದ ವರ್ಷ ಸುಗ್ಗಿ ಮುಗಿದ ಮೇಲೆ ಗಿರಣಿಯ ಕಲ್ಲು ಮೊಂಡಾಯಿತು. ಬೀಸುವ ಕಲ್ಲಿನ ಮೈಯನ್ನು ಉಳಿಯಿಂದ ಕೊರೆದು ಮತ್ತೆ ಚೂಪು ಮಾಡಬೇಕು. ಆ ಕೆಲಸಕ್ಕೆ ಬೇರೆ ಕಡೆಯಿಂದ ಗುಡದಪ್ಪ ಎಂಬಾತ ಬಂದ. ಐವತ್ತರ ಆಸುಪಾಸು, ಹುಬ್ಬಿನ ತುಂಬ ಕಲ್ಲಿನ ಪುಡಿ, ಹೆಂಡತಿ ಹೋಗಿ ಬಹಳ ಕಾಲವಾಗಿತ್ತು. ಊರೂರು ಗಿರಣಿ ಸುತ್ತಿ ಉಳಿ ಹೊಡೆದೂ ಹೊಡೆದೂ ಕಿವಿ ಪೂರ್ತಿ ಹೋಗಿತ್ತು. ಹಾಗಾಗಿ ಕೂಗಿಕೂಗಿಯೇ ಮಾತಾಡುತ್ತಿದ್ದ.

"ಏನ್ರೀ, ಈ ಕಲ್ಲು ಯಾವೂರಿಂದ್ರಿ?" ಎಂದು ಕೇಳಿದ.

ಗಂಡಸರು ಕೇಳಿದರೆ ನಾವು ಸುಮ್ಮನೆ ತುಟಿ ಆಡಿಸುತ್ತೇವೆ, ಮರ್ಯಾದೆಗೆ. ನಮ್ಮ ಮಾವನವರು ತಂದದ್ದು, ಎಲ್ಲಿಯದೋ ಗೊತ್ತಿಲ್ಲ ಎಂದೆ. ಆತ ನನ್ನ ಮುಖವನ್ನೇ ನೋಡುತ್ತಿದ್ದವನು, "ಮಾವನೋರು ಹುಷಾರ್ ಇದ್ರು ಬಿಡ್ರಿ, ಛಲೋ ಕಲ್ಲು ತಂದಾರ" ಎಂದ. ನನ್ನ ಕೈಯ ಜರಡಿ ಕೆಳಗೆ ಬಿತ್ತು. ಆತನಿಗೆ ಗಂಡಸಿನ ಬಾಯಿಯೂ ಒಂದೇ, ಹೆಂಗಸಿನ ಬಾಯಿಯೂ ಒಂದೇ, ಎರಡರಿಂದಲೂ ದನಿ ಬರುತ್ತಿರಲಿಲ್ಲ. ಎಲ್ಲರ ತುಟಿಯನ್ನೂ ಓದುತ್ತಿದ್ದ. ನಮ್ಮೂರಿನ ಕಥೆ ಆತನಿಗೆ ಗೊತ್ತೇ ಇರಲಿಲ್ಲ.

ನಾನು ಹೇಳಲೂ ಇಲ್ಲ. ಜೀವಮಾನದಲ್ಲಿ ಮೊದಲ ಸಲ ಒಂದು ಗುಟ್ಟು ಸಿಕ್ಕಿತ್ತು, ಅದನ್ನು ಬಿಡಲು ಮನಸ್ಸು ಬರಲಿಲ್ಲ. ಮೂವರಿಗೂ ಹೇಳಲಿಲ್ಲ. ಆದರೆ ಆತ ಕೂಗಿ ಮಾತಾಡುವವನು, ಓಣಿಗೆಲ್ಲ ಕೇಳಿಸುತ್ತದೆ. ಅದಕ್ಕೆ ಆತ ಕಲ್ಲು ಕೊರೆದು ಕೂರಿಸಿದ ಕೂಡಲೇ ನಾನು ಗಿರಣಿ ಚಾಲೂ ಮಾಡಿಬಿಡುತ್ತಿದ್ದೆ. ಕಾಳು ಇರಲಿ ಬಿಡಲಿ, ಕಲ್ಲು ಗಡಗಡ ತಿರುಗುತ್ತಿತ್ತು, ನಾವು ಮಾತಾಡುತ್ತಿದ್ದೆವು. ಜೋಳದ ವಿಷಯ, ಆತನ ತಾಯಿ ಮಾಡುತ್ತಿದ್ದ ಕಡಬಿನ ವಿಷಯ, ನನ್ನ ಗಂಡ ತಂದುಕೊಡುತ್ತಿದ್ದ ನೀರಿನ ವಿಷಯ. ಕಾಳಿಲ್ಲದೆ ಕಲ್ಲು ತಿರುಗಿದರೆ ಬೇಗ ಸವೆಯುತ್ತದೆ. ವರ್ಷಕ್ಕೊಮ್ಮೆ ಕೊರೆಯಬೇಕಾದ ಕಲ್ಲನ್ನು ಒಂಬತ್ತು ತಿಂಗಳಲ್ಲಿ ನಾಲ್ಕು ಸಲ ಕೊರೆಯಬೇಕಾಯಿತು. ಈ ಕಲ್ಲಿಗೆ ಏನೋ ರೋಗ ಬಂದಿದೆ ಎಂದು ಶಂಕ್ರಕ್ಕ ಅದಕ್ಕೆ ನಿಂಬೆಹಣ್ಣು ಇಳಿಸಿ ಒಗೆದಳು.

ಒಂದು ದಿನ ಆತ, "ಈ ಊರಾಗ ಹೆಂಗಸ್ರು ನಾಕ್ ನಾಕ್ ಮಂದಿ ಕೂಡೇ ಯಾಕ ಅಡ್ಡಾಡ್ತಾರ, ಕೂಡೇ ಯಾಕ ಬಾಯಿ ತೆಗೀತಾರ?" ಎಂದು ಕೇಳಿದ. ನಮ್ಮ ಕಡೆ ಹಾಗೇ ರೂಢಿ ಎಂದುಬಿಟ್ಟೆ. ನಿಜ ಹೇಳಿದರೆ ಆತನೂ ನನ್ನನ್ನು ಕಾಲು ಭಾಗ ಅಂತ ನೋಡಿಯಾನು ಎಂಬ ಹೆದರಿಕೆ. ಆತನ ಎದುರು ನಾನು ಇಡೀ ಒಬ್ಬಳಾಗಿದ್ದೆ. ನನಗೆ ಆ ಮನುಷ್ಯ ಬೇಕಾಗಿತ್ತು, ಅದನ್ನು ಮುಚ್ಚಿಟ್ಟು ಏನು ಮಾಡುವುದು.

ನಾಲ್ಕನೇ ಸಲ ಬಂದಾಗ ಆತ ನನ್ನನ್ನು ಕೇಳಲಿಲ್ಲ. ನನ್ನನ್ನು ಕೇಳುವುದು ಹೇಗೆಂದು ಕಟ್ಟೆಯ ಗಂಡಸರನ್ನು ಕೇಳಿದ. ಅವರು ಪಂಚಾಯಿತಿಗೆ ಅರ್ಜಿ ಕೊಡಿಸಿದರು. ಮಂಗಳವಾರ ಬೆಳಿಗ್ಗೆ ಗಿರಣಿ ಮೇಳ ಬಂದು ಸಾವಂತ್ರಿಯ ಉತ್ತರ ಹಾಡಬೇಕು ಎಂದು ಡಂಗುರ ಸಾರಿದರು. ಸಾವಂತ್ರಿ ಅಂದರೆ ನಾನೇ.

ಡಂಗುರದ ಸದ್ದು ಅಡಗುವ ಮೊದಲೇ ಮೂವರೂ ನನ್ನ ಅಡುಗೆಮನೆಯಲ್ಲಿದ್ದರು. ಹಾಲವ್ವ ಕೂಡ ತಡ ಮಾಡಿರಲಿಲ್ಲ. ಆಗ ನನಗೆ ವಿಷಯದ ಆಳ ತಿಳಿಯಿತು. ಕಲ್ಲು ಕೊರೆಯುವವನಿಗೆ ಒಂದು ಊರು ಅಂತ ಇರುವುದಿಲ್ಲ, ಕಟ್ಟಿಕೊಂಡವಳು ಅವನ ಹಿಂದೆ ಹೋಗಬೇಕು. ನಾನು ಹೋದರೆ ಇವರು ಮೂವರು. ಬೇರೆ ಮೇಳದವರು ತಮ್ಮವಳನ್ನು ಬಿಟ್ಟುಕೊಡುವುದಿಲ್ಲ, ಕೊಟ್ಟರೆ ಅವರೇ ಮೂವರಾಗುತ್ತಾರೆ. ಹುಡುಗಿಯರ ಮೇಳದಲ್ಲಿ ಒಬ್ಬಳು ಮದುವೆಯಾಗಿ ಹೋದರೆ ಹಿಂದೆ ತಂಗಿ ಇರುತ್ತಾಳೆ, ನಮ್ಮಂಥವರ ಹಿಂದೆ ಯಾರೂ ಇರುವುದಿಲ್ಲ. ಕುಂಬಾರ ಓಣಿಯ ಮೇಳದಲ್ಲಿ ಒಬ್ಬಳು ತೀರಿಕೊಂಡು ಆರು ವರ್ಷವಾಯಿತು. ಉಳಿದ ಮೂವರು ಸಂತೆಯಲ್ಲಿ ಬೆರಳು ತೋರಿಸುತ್ತ ನಿಲ್ಲುತ್ತಾರೆ. ನುಗ್ಗೆಕಾಯಿ ತೋರಿಸಿದರೆ ಪಕ್ಕದ ಹಾಗಲಕಾಯಿ ಚೀಲಕ್ಕೆ ಬೀಳುತ್ತದೆ, ಆರು ವರ್ಷದಿಂದ ಹಾಗಲಕಾಯಿ ತಿನ್ನುತ್ತಿದ್ದಾರೆ. ಒಂಬತ್ತು ವರ್ಷದ ಒಂದು ಹುಡುಗಿಗೆ ಹನ್ನೆರಡು ತುಂಬುವುದನ್ನು ಕಾಯುತ್ತ ಕೂತಿದ್ದಾರೆ. ನಮ್ಮ ಓಣಿಯಲ್ಲಿರುವ ಒಬ್ಬಳೇ ಹುಡುಗಿಗೆ ಇನ್ನೂ ಹಲ್ಲು ಬಂದಿಲ್ಲ.

ಹಾಲವ್ವ ಅತ್ತಳು, ರೊಟ್ಟಿ ಬೇಕೇನ್ರಿ ಅಂತ ನಾನಿನ್ನು ಹೇಗೆ ಕೂಗಲಿ ಎಂದಳು. ಮಾಬೂಬಿ ನಗಲಿಲ್ಲ, ಅದನ್ನು ಕಂಡು ನನಗೆ ನಿಜವಾಗಿ ಭಯವಾಯಿತು. ಶಂಕ್ರಕ್ಕ ಅಳಲೂ ಇಲ್ಲ, ಬೈಯಲೂ ಇಲ್ಲ. ಒಲೆಯ ಮುಂದೆ ಕೂತು, ತನಗೆ ಅರವತ್ತೊಂದು, ಇನ್ನೊಂದು ಮೇಳ ಕಟ್ಟುವಷ್ಟು ಆಯುಷ್ಯ ಉಳಿದಿಲ್ಲ, ಹಾಡು ಬಿಟ್ಟರೆ ತನಗೆ ಬೇರೇನೂ ಬರುವುದಿಲ್ಲ ಎಂದಳು. ತಮ್ಮ ಸತ್ತ ದಿನವೂ ಆಕೆ ನನ್ನ ಕಡೆ ಹಾಗೆ ನೋಡಿರಲಿಲ್ಲ. ನಾನು ಒಲ್ಲೆ ಅನ್ನುತ್ತೇನೆ ಎಂದೆ. ಇಲ್ಲೇ ಇರು ಎಂದು ಗುಡದಪ್ಪನನ್ನೇ ಕೇಳಬಹುದಿತ್ತು, ಹೆಣ್ಣಾಗಿ ಅದನ್ನು ಕೇಳಲು ನಾಚಿಕೆ. ಕೇಳಿ, ಆಗುವುದಿಲ್ಲ ಅಂದುಬಿಟ್ಟರೆ ಎಂಬುದು ನಾಚಿಕೆಗಿಂತ ದೊಡ್ಡದು.

ಮೂರು ದಿನ ತಾಲೀಮು ನಡೆಯಿತು. ಒಲ್ಲೆ ಹಾಡಿನ ರಾಗ ಯಾರಿಗೂ ಸರಿಯಾಗಿ ನೆನಪಿರಲಿಲ್ಲ. ಶಂಕ್ರಕ್ಕ ಅಜ್ಜಿಯ ಬಾಯಲ್ಲಿ ಕಂಡದ್ದನ್ನು ನೆನೆಸಿಕೊಂಡು ಕಟ್ಟಿದಳು. ಅದು ಎಂಥ ಚೆಂದದ ರಾಗ ಅಂದರೆ, ಹಾಡುತ್ತ ಹಾಡುತ್ತ ಹಾಲವ್ವ, ಇಷ್ಟು ದಿನ ಎಷ್ಟು ಜನ ಇದನ್ನು ಹಾಡದೆ ಕಳೆದರಲ್ಲ ಎಂದಳು. ನನ್ನ ಹತ್ತೊಂಬತ್ತರಲ್ಲಿ ಈ ಮೂವರಿದ್ದಿದ್ದರೆ ಎಂದು ನನಗೂ ಅನ್ನಿಸಿತು. ಆಗ ಬೇಕಾದಾಗ ಇಲ್ಲದ ಒಲ್ಲೆ ಈಗ ಬೇಡವಾದಾಗ ಇಷ್ಟು ಸಲೀಸಾಗಿ ಬರುತ್ತಿತ್ತು.

ಮಂಗಳವಾರ ಪಂಚಾಯಿತಿ ಅಂಗಳ ತುಂಬಿತ್ತು. ನಲವತ್ತನಾಲ್ಕರ ಹೆಂಗಸಿನ ಒಪ್ಪಿಗೆ ಕೇಳಲು ಜನ ಕೆಲಸ ಬಿಟ್ಟು ಬಂದಿದ್ದರು. ಅಧ್ಯಕ್ಷರಾದ ಬಾಳನಗೌಡರು ಮತ್ತು ನಾಲ್ವರು ಹಿರಿಯರು ಕಟ್ಟೆಯ ಮೇಲೆ ಕೂತು ಕಿವಿ ಶುಚಿ ಮಾಡಿಕೊಂಡರು, ಅದು ಪದ್ಧತಿ. ಗುಡದಪ್ಪ ಒಗೆದ ಅಂಗಿ ಹಾಕಿ, ಹುಬ್ಬಿನ ಪುಡಿಯನ್ನೂ ತೊಳೆದುಕೊಂಡು ಎದುರಿಗೆ ನಿಂತಿದ್ದ. ಹುಬ್ಬು ಕಪ್ಪಗಿದೆ ಎಂದು ನನಗೆ ಆವತ್ತೇ ಗೊತ್ತಾದದ್ದು.

"ಹಾಡ್ರೆವಾ" ಎಂದರು ಗೌಡರು.

ಶಂಕ್ರಕ್ಕ ಕೈ ಎತ್ತಿದಳು. ನಾಲ್ವರೂ ಉಸಿರು ಎಳೆದು ಎತ್ತಿದೆವು. ಮೊದಲ ಎಳೆ ಅಂಗಳದ ತುಂಬ ಗುಂಡಗೆ ಎದ್ದಿತು. ಅಷ್ಟರಲ್ಲಿ ಗುಡದಪ್ಪ ನನ್ನ ಬಾಯಿಯನ್ನು ನೋಡುತ್ತಿರುವುದು ಕಂಡಿತು. ಗಿರಣಿಯಲ್ಲಿ ನೋಡುವ ಹಾಗೆಯೇ, ಏನು ಹೇಳಿದರೂ ಸರಿ, ಹೇಳು ಎಂಬ ಹಾಗೆ. ನಾನು ಮೋಸ ಮಾಡಬೇಕು ಅಂತ ಮಾಡಲಿಲ್ಲ, ದೇವರಾಣೆ. ಬಾಯಿಯೇ ಆ ಮುಖಕ್ಕೆ ಸುಳ್ಳು ಹೇಳಲಿಲ್ಲ. ಮೂವರು ಒಲ್ಲೆ ಎಂದರು, ನಾನು ಒಪ್ಪೇನಿ ಎಂದೆ. ದಾರ ಹರಿದ ಹಾಗೆ ದನಿ ಕಡಿಯಿತು. ಮೂವರು ಒಂದು ಕಡೆ ಬಾಯಿ ಆಡಿಸುತ್ತ, ನಾನೊಬ್ಬಳು ಇನ್ನೊಂದು ಕಡೆ ಆಡಿಸುತ್ತ ಹಾಡು ಮುಗಿಸಿದೆವು. ಗೌಡರು ಕಿವಿಯೊಳಗೆ ಬೆರಳು ಹಾಕಿ ಮತ್ತೊಮ್ಮೆ ಶುಚಿ ಮಾಡಿಕೊಂಡರು.

"ಆತಲ್ರಿ" ಎಂದು ಗುಡದಪ್ಪ ಕೂಗಿದ. "ಒಪ್ಪೇನಿ ಅಂದ್ಲು. ಲಗ್ನದ ತಾರೀಖು ನೋಡ್ರಿ ಇನ್ನ."

ದನಿಯೇ ಬರಲಿಲ್ಲವಲ್ಲ, ನೀನು ಹೇಗೆ ಕೇಳಿದೆ ಎಂದು ಗೌಡರು ಆತನ ಮುಖದ ಹತ್ತಿರ ಹೋಗಿ ಕೇಳಿದರು.

"ನಾ ಹದಿನೈದು ವರ್ಷದಿಂದ ಏನೂ ಕೇಳಿಲ್ರಿ ಗೌಡ್ರ. ನೋಡಿದೆ" ಎಂದ ಗುಡದಪ್ಪ. "ಆ ಮೂವರು ಒಲ್ಲೆ ಅಂದ್ರು, ಅದನ್ನೂ ನೋಡಿದೆ. ಆದ್ರ ನಾ ಅವರನ್ನ ಕೇಳಿದ್ದಿಲ್ಲ."

ಮಾಬೂಬಿಗೆ ನಗು ಬಂತು. ದನಿಯಿಲ್ಲದ ನಗು, ಹೊಟ್ಟೆ ಹಿಡಿದುಕೊಂಡು ನೆಲಕ್ಕೆ ಕೂತಳು. ಅಂಗಳದ ಹೆಂಗಸರೆಲ್ಲ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ತುಟಿ ಓದುವ ಗಂಡಸು. ನನ್ನ ಗುಟ್ಟು ಊರ ಮುಂದೆ ಬಿಚ್ಚಿ ಬಿದ್ದಿತ್ತು. ಶಂಕ್ರಕ್ಕ ನನ್ನನ್ನು ನೋಡಿದಳು, ನಾನು ತಲೆ ತಗ್ಗಿಸಿದೆ. ಕೊಟ್ಟ ಮಾತಿಗೆ ತಪ್ಪಿದ್ದೆ, ಆಕೆಯ ದನಿಯನ್ನು ಊರೆದುರು ಕಡಿದಿದ್ದೆ. ಆಕೆ ನನ್ನ ಕೆನ್ನೆಗೆ ಹೊಡೆದಿದ್ದರೂ ನಾನು ಸುಮ್ಮನಿರುತ್ತಿದ್ದೆ.

ಆಕೆ ನನ್ನನ್ನು ದಾಟಿ ಹೋದಳು. ಗುಡದಪ್ಪನ ಎದುರು, ಒಂದು ಮಾರು ದೂರದಲ್ಲಿ ನಿಂತು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಬಾಯಿ ತೆರೆದಳು. ಒಬ್ಬಳೇ. ನಮ್ಮೂರಲ್ಲಿ ಹೆಂಗಸೊಬ್ಬಳು ಗಂಡಸರ ಸಭೆಯಲ್ಲಿ ಒಬ್ಬಳೇ ಮಾತಾಡಿದ್ದು ಅದೇ ಮೊದಲು. ಏನೂ ಕೇಳಿಸಲಿಲ್ಲ. ನಾನು ಪಕ್ಕದಿಂದ ಅಷ್ಟಿಷ್ಟು ಓದಿದೆ. ನಾಲ್ವರ ಲೆಕ್ಕ ಹೇಳಿದಳು, ಕುಂಬಾರ ಓಣಿಯ ಹಾಗಲಕಾಯಿ ಹೇಳಿದಳು. ನೀನು ಇವಳನ್ನು ಕರೆದುಕೊಂಡು ಹೋದರೆ ನಾನು ಸಾಯುವ ತನಕ ಬಾಯಿದ್ದೂ ಇಲ್ಲದವಳು, ನನಗೆ ಮಕ್ಕಳಿಲ್ಲ ಮರಿಯಿಲ್ಲ, ಇರುವುದು ಈ ಹಾಡೊಂದು ಎಂದಳು. ಆಕೆಯ ಗಂಟಲಿನ ನರ ಉಬ್ಬಿತ್ತು. ಏನೂ ಕೇಳಿಸುತ್ತಿಲ್ಲ, ಸಭೆಯ ಹೊತ್ತು ಹಾಳಾಗುತ್ತಿದೆ ಎಂದು ಗೌಡರು ಗೊಣಗಲು ಶುರು ಮಾಡಿದರು.

ಗುಡದಪ್ಪ ಅವರ ಕಡೆ ತಿರುಗದೆ ಕೈ ಎತ್ತಿದ. "ಸುಮ್ನಿರ್ರಿ ಗೌಡ್ರ. ಅವರು ಮಾತಾಡಾಕತ್ತಾರ."

ಗೌಡರು ಸುಮ್ಮನಾದರು. ಆಕೆ ಮುಗಿಸುವ ತನಕ ಆತ ಕಣ್ಣು ಕದಲಿಸಲಿಲ್ಲ. ಆಮೇಲೆ ನನ್ನ ಕಡೆ ನೋಡಿ, ಈ ನಾಲ್ವರ ಸಂಗತಿಯನ್ನು ತನಗೆ ಯಾಕೆ ಹೇಳಲಿಲ್ಲ, ಇದು ಊರಿನ ರೂಢಿ ಅಂತ ತಾನು ತಿಳಿದಿದ್ದೆನಲ್ಲ ಎಂದ. ಮತ್ತೆ ಶಂಕ್ರಕ್ಕನ ಕಡೆ ತಿರುಗಿದ.

"ಅಕ್ಕಾರ, ಕರಕೊಂಡ ಹೋಗ್ತೀನಿ ಅಂತ ಯಾರ ಹೇಳಿದ್ರು? ನನಗ ಹೋಗಾಕ ಊರರ ಎಲ್ಲೈತಿ. ಇಲ್ಲೇ ಇರ್ತೀನಿ. ಮತ್ತ ಆ ಗಿರಣಿ ಕಲ್ಲಿಗೆ ವರ್ಷಕ್ಕ ನಾಕ್ ಸಲ ನಾ ಬೇಕಾಗತೈತಿ. ಕಾಳಿಲ್ಲದ ಅಷ್ಟು ತಿರುಗಿಸಿದ್ರ ಯಾವ ಕಲ್ಲು ತಡದೀತು?"

ಇಡೀ ಊರು ತಿರುಗಿ ನನ್ನನ್ನು ನೋಡಿತು. ನಿಂಬೆಹಣ್ಣು ಇಳಿಸಿ ಒಗೆದಿದ್ದ ಶಂಕ್ರಕ್ಕ ಎಲ್ಲರಿಗಿಂತ ಹೆಚ್ಚು ಹೊತ್ತು ನೋಡಿದಳು. ಭೂಮಿ ಬಾಯಿ ತೆರೆದಿದ್ದರೆ ಒಳಗೆ ಹೋಗುತ್ತಿದ್ದೆ. ಆದರೆ ಆಕೆಯ ಮುಖದ ಬಿಗಿ ಮೆಲ್ಲಗೆ ಸಡಿಲಾಗಿ, ಕಡೆಗೆ ತುಟಿಯಂಚು ಒಂದು ಕಡೆ ಎದ್ದಿತು. ಇಲ್ಲೇ ಇರುತ್ತೀಯಾ ಎಂಬ ಒಂದು ಮಾತು ಕೇಳಲು ನಮಗೆಲ್ಲ ಮೂರು ದಿನ ಸಿಕ್ಕಿತ್ತು. ನಾಲ್ಕು ಬಾಯಿ ಕೂಡಿಸಿಕೊಂಡೇ ಗಂಡಸನ್ನು ಕೇಳಿ ಅಭ್ಯಾಸವಾದ ನಮಗೆ, ಒಬ್ಬಳೇ ಹೋಗಿ ಕೇಳಬಹುದು ಎಂಬುದು ಹೊಳೆದೇ ಇರಲಿಲ್ಲ. ಗೊತ್ತಿದ್ದ ನಾನೊಬ್ಬಳು ಬಾಯಿ ಮುಚ್ಚಿಕೊಂಡು ಕೂತಿದ್ದೆ.

ಆದರೂ ದನಿ ಬೇಕೇ ಬೇಕು ಎಂದು ಗೌಡರು ಪಟ್ಟು ಹಿಡಿದರು, ಕಿವುಡನ ಸಾಕ್ಷಿಯ ಮೇಲೆ ಮದುವೆ ಬರೆದುಕೊಳ್ಳಲು ಆಗುವುದಿಲ್ಲವಂತೆ. ನಾವು ನಾಲ್ವರೂ ಬೇವಿನ ಮರದ ಕೆಳಗೆ ಹೋಗಿ ತಲೆ ಕೂಡಿಸಿದೆವು. ಒಪ್ಪಿಗೆ ಹಾಡಿನ ತುಂಬ ಹದಿಹರೆಯ, ಮಲ್ಲಿಗೆ ಮೊಗ್ಗು, ತವರು ಬಿಟ್ಟು ಹೋಗುವ ಅಳು. ನನ್ನ ತಲೆಯಲ್ಲಿ ಅರ್ಧ ಬಿಳಿಗೂದಲು, ಹೋಗುವುದಂತೂ ಎಲ್ಲಿಗೂ ಇಲ್ಲ. ಬೈಗುಳದ ರಾಗದಲ್ಲೇ ಹೇಳೋಣ, ಹೇಗೂ ಮುಂದೆ ಬೇಕಾಗುತ್ತದೆ ಎಂದಳು ಹಾಲವ್ವ. ಕಡೆಗೆ ನಮ್ಮ ನಾಲ್ವರ ಬಾಯಿ ಎಂದೂ ತಪ್ಪದೆ ಕೂಡುವ ರಾಗ ಯಾವುದೋ ಅದೇ ಇರಲಿ ಎಂದು ಶಂಕ್ರಕ್ಕ ತೀರ್ಮಾನ ಮಾಡಿದಳು. ನನ್ನ ಎರಡನೇ ಮದುವೆಯ ಒಪ್ಪಿಗೆಯನ್ನು ಬದನೆಕಾಯಿ ರಾಗದಲ್ಲಿ ಹಾಡಿದೆವು. ಗುಂಪಿನಲ್ಲಿದ್ದ ಕಾಯಿಪಲ್ಲೆ ಮಾರುವವನು ಅಭ್ಯಾಸಬಲದಿಂದ ತಕ್ಕಡಿಗೆ ಕೈ ಹಾಕಿದ.

ಹಾಲವ್ವ ತಡ ಮಾಡಲಿಲ್ಲ, ಮಾಬೂಬಿ ನಗಲಿಲ್ಲ. ದನಿ ಕಟ್ಟೆ ದಾಟಿ, ಗಿರಣಿ ದಾಟಿ, ಕುಂಬಾರ ಓಣಿಯ ತನಕ ಹೋಯಿತು. ನಾನು ಮನಸಾರೆ ಹಾಡಿದ ಮೊದಲ ಒಪ್ಪಿಗೆ ಅದು. ಊರೆಲ್ಲ ಕಣ್ಣು ಮುಚ್ಚಿ ನಾಲ್ವರನ್ನು ಕೇಳುತ್ತಿತ್ತು, ಗುಡದಪ್ಪ ಮಾತ್ರ ಕಣ್ಣು ಬಿಟ್ಟು ಒಬ್ಬಳನ್ನು ನೋಡುತ್ತಿದ್ದ.

ಮದುವೆಯಾಗಿ ಎಂಟು ತಿಂಗಳಾಯಿತು. ಈಗ ಗಿರಣಿಗೆ ಹಿಟ್ಟು ಬೀಸಿಸಲು ಬರುವ ಹೆಂಗಸರು ಜೋಳ ಸ್ವಲ್ಪ ತರುತ್ತಾರೆ, ಮಾತು ಬಹಳ ತರುತ್ತಾರೆ. ಗುಡದಪ್ಪನ ಎದುರು ಚೀಲದ ಮೇಲೆ ಕೂತು ಒಬ್ಬೊಬ್ಬರೇ ಹೇಳಿಕೊಳ್ಳುತ್ತಾರೆ, ಆತ ಉಳಿ ಮಸೆಯುತ್ತ ನೋಡುತ್ತಾನೆ. ಆತನಿಂದ ಒಂದು ಮಾತೂ ಹೊರಗೆ ಹೋಗುವುದಿಲ್ಲ. ಕೂಗಿ ಹೇಳುವವನು ಗುಟ್ಟು ಹೇಗೆ ಹೇಳಿಯಾನು, ಅದಕ್ಕೇ ಬಾಯಿ ಬಿಡುವುದಿಲ್ಲ. ನನಗೆ ಹೊಟ್ಟೆಕಿಚ್ಚಾಗುವುದಿಲ್ಲವೇ ಅಂದರೆ, ಆಗುತ್ತದೆ. ಆದರೂ ಯಾರಾದರೂ ಚೀಲದ ಮೇಲೆ ಕೂತ ಕೂಡಲೇ ನಾನು ಬೆನ್ನು ತಿರುಗಿಸಿ ಜರಡಿ ಹಿಡಿಯುತ್ತೇನೆ. ಮೂವರಿಗೆ ಗೊತ್ತಿಲ್ಲದ ಮಾತಿನ ರುಚಿ ನನಗೆ ಗೊತ್ತು.

ಶಂಕ್ರಕ್ಕ ಸೋಮವಾರ ಬರುತ್ತಾಳೆ. ಕಾಳು ತರುವುದಿಲ್ಲ, ಒಂದು ಗಂಟೆ ಕೂರುತ್ತಾಳೆ. ಹೋದ ಸೋಮವಾರ ಅಷ್ಟು ಹೊತ್ತು ಏನು ಹೇಳುತ್ತಾಳೋ ಎಂದು ತಡೆಯಲಾಗದೆ ಒಮ್ಮೆ, ಒಂದೇ ಒಮ್ಮೆ, ಕಣ್ಣಂಚಿನಲ್ಲಿ ತಿರುಗಿ ನೋಡಿದೆ. ಆಕೆ ಏನೂ ಹೇಳುತ್ತಿರಲಿಲ್ಲ. ಕಣ್ಣು ಮುಚ್ಚಿ, ಕತ್ತು ಎತ್ತಿ, ಒಬ್ಬಳೇ ಹಾಡುತ್ತಿದ್ದಳು. ನಮ್ಮಂಥ ಕಿವಿಯಿರುವವರಿಗೆ ಅದು ಬರೇ ಆಡುವ ತುಟಿ. ಆತನಿಗೆ ನಾಲ್ವರ ಹಾಡೂ ಅಷ್ಟೇ, ಒಬ್ಬಳ ಹಾಡೂ ಅಷ್ಟೇ, ಎರಡೂ ಪೂರ್ತಿ. ಎದುರಿಗೆ ಕೂತು ಉಳಿಯ ಹಿಡಿಯಿಂದ ಕಲ್ಲಿನ ಮೇಲೆ ಮೆಲ್ಲಗೆ ತಾಳ ಹಾಕುತ್ತಿದ್ದ. ತಾಳ ತಪ್ಪಿತ್ತು. ಶಂಕ್ರಕ್ಕ ಕಣ್ಣು ಬಿಟ್ಟು, ಹಾಡು ನಿಲ್ಲಿಸಿ, ಆತನ ಕೈಯನ್ನು ಹಿಡಿದು ನಾಲ್ಕು ಸಲ ಕಲ್ಲಿಗೆ ತಟ್ಟಿ ತೋರಿಸಿದಳು. ಮತ್ತೆ ಮೊದಲಿನಿಂದ ಎತ್ತಿದಳು.